ಮೀನಿನ ಮಡುವೂ ಇರುವ ನಕ್ಷೆ

ಬೆಳಿಗ್ಗೆಯಿಂದ ನೆಮೊಂಟೆ ನೆಂಕಿಮೊ ಅವರದ್ದೇ ಯೋಚನೆ. ಈಕ್ವೆಡಾರ್‌ನ ಅಮೆಜಾನ್ ಕಾಡಿನ ವಾವೊರಾನಿ ಜನಾಂಗದ ನಾಯಕಿ. ಅವರ ಜನ ತಲೆತಲಾಂತರದಿಂದ ಬಾಳಿದ ಕಾಡಿಗೆ ಸರ್ಕಾರ ಇಟ್ಟ ಹೆಸರು 'ಬ್ಲಾಕ್ 22'. ತೈಲ ಕಂಪನಿಗಳಿಗೆ ಹರಾಜು ಹಾಕಲು ಅಷ್ಟು ಸಾಕಿತ್ತು.

ವಾವೊರಾನಿಗಳು ಊರೂರು ಕೂತು ತಮ್ಮದೇ ನಕ್ಷೆ ಬರೆದರು. ಮೀನಿನ ಮಡು, ಹಳ್ಳ ದಾಟುವ ಜಾಗ, ಮದ್ದಿನ ಗಿಡ, ಜಾಗ್ವಾರ್ ಓಡಾಡುವ ಹಾದಿ, ಪೂರ್ವಜರು ಕಾದಾಡಿದ ನೆಲ. ನನ್ನ ಅಜ್ಜಿಗೂ ಗದ್ದೆಯ ಸರ್ವೆ ನಂಬರ್ ಗೊತ್ತಿರಲಿಲ್ಲ. ಯಾವ ಹಲಸಿನ ಮರದ ಹತ್ತಿರ ಕಾಲುದಾರಿ ತಿರುಗುತ್ತದೆ ಎಂಬುದು ಕತ್ತಲಲ್ಲೂ ಗೊತ್ತಿತ್ತು. ಆ ತಿಳಿವಳಿಕೆಗೆ ಕಚೇರಿಯ ಕಾಗದದಲ್ಲಿ ಜಾಗವೇ ಇಲ್ಲವಲ್ಲ ಎಂದು ಹೊಟ್ಟೆ ಉರಿಯುತ್ತದೆ.

ಹರಾಜಿನ ವಿರುದ್ಧ ಅವರು ಸರ್ಕಾರದ ಮೇಲೆ ಹೂಡಿದ ದಾವೆಯ ವಿಚಾರಣೆ 2019ರಲ್ಲಿ ಪುಯೊ ಪಟ್ಟಣದ ನ್ಯಾಯಾಲಯದಲ್ಲಿ ನಡೆಯಿತು. ಅವರ ಭಾಷೆಗೆ ಸರಿಯಾದ ದುಭಾಷಿಯೇ ಇರಲಿಲ್ಲ. ಆಗ ಮುಖಕ್ಕೆ ಕೆಂಬಣ್ಣ ಬಳಿದುಕೊಂಡ ಹೆಂಗಸರು ಹಾಡತೊಡಗಿದರು. ನಿಲ್ಲಿಸಲೇ ಇಲ್ಲ. ಕೊನೆಗೆ ವಿಚಾರಣೆಯನ್ನೇ ಮುಂದೂಡಬೇಕಾಯಿತು. ಅಜ್ಜಿಯರ ಹಾಡು ಕಾಡನ್ನು ಕಾಯುವುದೆಂದರೆ ಹೀಗೆ ಎಂದುಕೊಂಡೆ, ಕಣ್ಣು ಒದ್ದೆಯಾಯಿತು.

ಅದೇ ವರ್ಷದ ಏಪ್ರಿಲ್‌ನಲ್ಲಿ ತೀರ್ಪು ಬಂತು: 2012ರಲ್ಲಿ ಸರ್ಕಾರ ಆ ಜನರೊಂದಿಗೆ ನಡೆಸಿದ ಸಮಾಲೋಚನೆ ಸರಿಯಾಗಿರಲಿಲ್ಲ, ಆ ನೆಲವನ್ನು ತೈಲಕ್ಕಾಗಿ ಹರಾಜು ಹಾಕುವಂತಿಲ್ಲ. ಸುಮಾರು 5 ಲಕ್ಷ ಎಕರೆ ಮಳೆಕಾಡು ಉಳಿಯಿತು. ಮರುವರ್ಷ ನೆಮೊಂಟೆ ಅವರಿಗೆ ಗೋಲ್ಡ್‌ಮನ್ ಪರಿಸರ ಪ್ರಶಸ್ತಿಯೂ ಸಂದಿತು. ಪ್ರಶಸ್ತಿಯ ಸುದ್ದಿಗಿಂತ ನನ್ನನ್ನು ಹಿಡಿದು ನಿಲ್ಲಿಸಿದ್ದು ಆ ನಕ್ಷೆಯೇ. ಅಮ್ಮನನ್ನು ಕೂರಿಸಿಕೊಂಡು ನಮ್ಮೂರಿನದೂ ಒಂದು ಬರೆಯಬೇಕು. ಈ ಭಾನುವಾರವೇ ಊರಿಗೆ ಹೊರಟಿದ್ದೇನೆ.