ಕುದುರೆ ಕಾಲು

ಡ್ರಾಯಿಂಗ್ ಮೇಷ್ಟ್ರು ತೀರಿಕೊಂಡರು ಅಂತ ಹಳೆಯ ಗೆಳೆಯನೊಬ್ಬ ಫೋನ್ ಮಾಡಿದಾಗ ನಾನು ಒಂದು ಕುದುರೆ ಬರೆಯುತ್ತಿದ್ದೆ. ಅದೇ ವಾರ ನಮ್ಮ ಹಳೆಯ ಶಾಲೆಯಿಂದ, ಶಾಲೆಯ ಸಂಚಿಕೆಗೆ ಲೇಖನ ಕೇಳಿ ಪತ್ರವೂ ಬಂತು. ಪಾಠಗಳ ಬಗ್ಗೆ ಬರೆಯೋಣ ಅಂದರೆ ಒಂದೂ ನೆನಪಿಲ್ಲ. ನೆನಪಿರುವುದು ಒಂದು ಕಿತಾಪತಿ ಮಾತ್ರ.

ಏಳನೇ ತರಗತಿ. ಪರೀಕ್ಷೆಯಲ್ಲಿ ಮಿಕ್ಕ ಹಾಳೆಗಳನ್ನು ಮಡಚಿ, ನಡುವೆ ದಾರ ಹಾಕಿ ಹೊಲಿದು, ಎಂಟು ಪುಟದ ಪುಸ್ತಕ ಮಾಡಿದ್ದೆ. ಅದರ ಕಥೆಯಲ್ಲಿ ಹೆಡ್‌ಮಾಸ್ಟರು ಕುದುರೆ ಏರಿ, 'ಗಲಾಟೆ ಮಾಡ್ತಿರೋದು ಯಾರು?' ಅಂತ ಕೂಗುತ್ತಾ ತರಗತಿಯಿಂದ ತರಗತಿಗೆ ಓಡುತ್ತಾರೆ. ಗಲಾಟೆ ಅವರದೇ ಅಂತ ಕೊನೆಗೆ ಗೊತ್ತಾಗುತ್ತದೆ. ಪುಸ್ತಕ ಬೆಂಚಿನಿಂದ ಬೆಂಚಿಗೆ ಹೋಗುತ್ತಾ ನೇರ ಹೆಡ್‌ಮಾಸ್ಟರ ಕೈ ಸೇರಿತು. ಬರೆದವನನ್ನು ಪತ್ತೆ ಹಚ್ಚುವ ಕೆಲಸ ಡ್ರಾಯಿಂಗ್ ಮೇಷ್ಟ್ರಿಗೆ ಬಿತ್ತು.

ಅವರು ಒಂದೇ ನೋಟಕ್ಕೆ ಹಿಡಿದರು. ಎಲ್ಲ ಪುಟದಲ್ಲೂ ಕುದುರೆ ಮೊಣಕಾಲುದ್ದದ ಹುಲ್ಲಿನಲ್ಲಿ ನಿಂತಿತ್ತು, ತರಗತಿಯ ಒಳಗೂ! 'ಕಾಲು ಬರೆಯೋಕೆ ಬರದೆ ಹುಲ್ಲು ಬೆಳೆಸೋನು ನೀನೊಬ್ಬನೇ ಅಲ್ವೇನೋ?' ಅಂದರು. ನಾನು ಸುಮ್ನೆ ನಿಂತೆ. ಆಮೇಲೆ ಪುಸ್ತಕ ತೆರೆದು ಕೊನೆಯ ಪುಟಗಳ ಮೇಲೆ ಬೆರಳಿಟ್ಟರು. 'ಇದು ಇನ್ನೂ ದೊಡ್ಡ ತಪ್ಪು. ಪ್ರಶ್ನೆ ಎಡಗಡೆ, ಉತ್ತರ ಬಲಗಡೆ. ಎರಡೂ ಒಟ್ಟಿಗೆ ಕಾಣ್ತಿದೆ. ಪ್ರಶ್ನೆ ಬಲಗಡೆ ಹಾಕು. ಉತ್ತರ ಬೇಕಾದೋನು ಪುಟ ತಿರುಗಿಸ್ಲಿ.' ಹೆಡ್‌ಮಾಸ್ಟರ ಮುಂದೆ ಕ್ಷಮೆ ಕೇಳಿಸಿದರು. ಜೊತೆಗೆ ನೂರು ಕುದುರೆ ಬರೆಯುವ ಶಿಕ್ಷೆ. ಮೂವತ್ತೊಂದಕ್ಕೆ ನಿಲ್ಲಿಸಿದೆ. ಅವರು ಎಣಿಸಲಿಲ್ಲ, ಅಥವಾ ಎಣಿಸಿಯೂ ಬಿಟ್ಟರು.

ಈಗ ಮಕ್ಕಳ ಚಿತ್ರಪುಸ್ತಕಗಳೇ ನನ್ನ ಹೊಟ್ಟೆಪಾಡು. ಇಪ್ಪತ್ತಮೂರು ಬಂದಿವೆ. (ಎರಡಕ್ಕೆ ಬಹುಮಾನವೂ ಬಂದಿದೆ. ಹೇಳಿಕೊಳ್ಳಬಾರದು, ಆದರೂ ಹೇಳಿಬಿಟ್ಟೆ.) ಈ ಪುಸ್ತಕಗಳು ಹೆಚ್ಚಾಗಿ 32 ಪುಟ ಇರುತ್ತವೆ. ದೊಡ್ಡ ಹಾಳೆಯೊಂದನ್ನು ಮೂರು ಸಲ ಮಡಚಿದರೆ 16 ಪುಟ, ಅಂಥವು ಎರಡು ಸೇರಿದರೆ 32. ಮೇಷ್ಟ್ರು ಹಳೇ ಪೇಪರ್ ಮಡಚಿ ಇದನ್ನು ತೋರಿಸಿದ್ದರು. ನಾವು ಅದರಲ್ಲಿ ಟೋಪಿ ಮಾಡಿಕೊಂಡೆವು. ಹೆಸರು, ಪ್ರಕಾಶಕರ ವಿವರ ಅಂತ ಒಂದಷ್ಟು ಪುಟ ಹೋದಮೇಲೆ ಕಥೆಗೆ ಉಳಿಯುವುದು ಹದಿಮೂರೋ ಹದಿನಾಲ್ಕೋ ಜೋಡಿ ಪುಟ. ಮೊದಲು ಬೆರಳುದ್ದದ ಚೌಕಗಳಲ್ಲಿ ಅಷ್ಟನ್ನೂ ಗೀಚುತ್ತೇನೆ. ಆಮೇಲೆ ಹಾಳೆ ಮಡಚಿ ಡಮ್ಮಿ, ಅಂದರೆ ಪುಸ್ತಕದ ಕಚ್ಚಾ ಮಾದರಿ, ಮಾಡಿ, ತಿರುಗಿಸಿ ತಿರುಗಿಸಿ ನೋಡುತ್ತೇನೆ. ಯಾರ ಮುಖವೂ ನಡುವಿನ ಹೊಲಿಗೆಯ ಸಂದಿಗೆ ಬೀಳಬಾರದು. ನನ್ನ ಮೂರನೇ ಪುಸ್ತಕದಲ್ಲಿ ಅಜ್ಜಿಯ ಮೂಗು ಹೀಗೇ ಹೋಯಿತು.

ಮೊದಲ ಡಮ್ಮಿ ಏಳು ಕಡೆಯಿಂದ ವಾಪಸ್ ಬಂದಿತ್ತು. ಇಂಗ್ಲೆಂಡಿನ ಮಕ್ಕಳ ಲೇಖಕಿ ಬಿಯಾಟ್ರಿಕ್ಸ್ ಪಾಟರ್ ಅವರ ಮೊಲದ ಕಥೆಯನ್ನೂ ಪ್ರಕಾಶಕರು ಬೇಡ ಅಂದಿದ್ದರು, ಆಕೆ 1901ರಲ್ಲಿ ತಾವೇ 250 ಪ್ರತಿ ಅಚ್ಚು ಹಾಕಿಸಿದರು ಅಂತ ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಅದಕ್ಕಿಂತ ಜಾಸ್ತಿ ಖುಷಿ ಕೊಟ್ಟದ್ದು ಅಮೆರಿಕದ ಚಿತ್ರಪುಸ್ತಕಕಾರ ಮಾರಿಸ್ ಸೆಂಡಾಕ್ ಸಂಗತಿ. 1963ರಲ್ಲಿ ಬಂದ ಅವರ ಹೆಸರಾಂತ ಪುಸ್ತಕ 'ವೇರ್ ದ ವೈಲ್ಡ್ ಥಿಂಗ್ಸ್ ಆರ್'ನಲ್ಲಿ ಮೊದಲು ಇರಬೇಕಾಗಿದ್ದುದು ಕಾಡು ಕುದುರೆಗಳು. ಕುದುರೆ ಬರೆಯಲು ಬರಲಿಲ್ಲ ಅಂತ ಅವರು ವಿಚಿತ್ರ ಪ್ರಾಣಿಗಳನ್ನು ತಂದರು. ಮರುವರ್ಷ, ಅಮೆರಿಕದಲ್ಲಿ ಮಕ್ಕಳ ಚಿತ್ರಪುಸ್ತಕಕ್ಕೆ ಕೊಡುವ ಕಾಲ್ಡೆಕಾಟ್ ಪದಕವೇ ಬಂತು. ನಾನು ಬರೀ ಹುಲ್ಲು ಬೆಳೆಸಿದ್ದೆ.

ಈಗ ಶಾಲೆಗಳಿಗೆ ಕರೆಯುತ್ತಾರೆ, ಹೋಗುತ್ತೇನೆ. ಗೋಡೆ ತುಂಬ ಚಿತ್ರ ಇರುತ್ತದೆ, ಎಲ್ಲ ಒಂದೇ ಥರ. ಅಚ್ಚಾದ ಗೆರೆಯೊಳಗೆ ಬಣ್ಣ ತುಂಬಿದ್ದು. ಅರ್ಧದಷ್ಟು ಅಪ್ಪ-ಅಮ್ಮ ತುಂಬಿದ್ದು ಅಂತ ನನ್ನ ಅನುಮಾನ. ಡ್ರಾಯಿಂಗ್ ಪೀರಿಯಡ್ಡನ್ನು ಗಣಿತಕ್ಕೆ ಕೊಟ್ಟಿರುತ್ತಾರೆ. ನಮ್ಮ ಕಾಲದಲ್ಲೂ ಗಣಿತದವರು ಕೇಳುತ್ತಿದ್ದರು. ಆದರೆ ಮೇಷ್ಟ್ರು ಬಾಗಿಲಲ್ಲೇ ನಿಂತು, 'ಇವತ್ತು ಪರೀಕ್ಷೆ ಇದೆ' ಅಂತ ಹಸೀ ಸುಳ್ಳು ಹೇಳಿ ಕಳಿಸುತ್ತಿದ್ದರು.

ಮೊದಲ ಪುಸ್ತಕ ಬಂದಾಗ ಅವರ ಮನೆಗೆ ಒಯ್ದಿದ್ದೆ. ಹೊಗಳುತ್ತಾರೆ ಅಂತ ಕಾದು ಕೂತೆ. ಅವರು ಪ್ರತಿ ಪುಟದಲ್ಲೂ ಮೊದಲು ಅಂಗೈಯಿಂದ ಅಕ್ಷರ ಮುಚ್ಚಿ ಚಿತ್ರ ನೋಡಿದರು. ಆಮೇಲೆ ಚಿತ್ರ ಮುಚ್ಚಿ ಅಕ್ಷರ ಓದಿದರು. ಒಂದು ಕಡೆ ಕೈ ನಿಂತಿತು. 'ಬೆಕ್ಕು ಮರ ಹತ್ತಿತು ಅಂತ ಬರ್ದಿದ್ದೀಯ. ಚಿತ್ರದಲ್ಲೂ ಹತ್ತಿದೆ. ಎರಡು ಸಲ ಯಾಕೆ ಹತ್ತಿಸ್ತೀಯಪ್ಪ ಅದನ್ನ?'

ಎರಡನೇ ಮುದ್ರಣದಲ್ಲಿ ಆ ಸಾಲು ತೆಗೆದೆ. ಈಗ ಆ ಪುಟ ತೆರೆದರೆ ಮಕ್ಕಳೇ 'ಹತ್ತಿಬಿಡ್ತು!' ಅಂತ ಕೂಗುತ್ತಾರೆ.

ಅವತ್ತು ಹೊರಡುವಾಗ ಬಾಗಿಲವರೆಗೆ ಬಂದು, 'ಮುಂದಿನದ್ರಲ್ಲಿ ಕುದುರೆ ಇರ್ಲಿ. ಹುಲ್ಲು ಬೇಡ' ಅಂದಿದ್ದರು. ಆಗಲಿ ಸರ್ ಅಂದು ಇಪ್ಪತ್ತೆರಡು ಪುಸ್ತಕ ತಪ್ಪಿಸಿಕೊಂಡೆ. ಈಗ ಮೇಜಿನ ಮೇಲಿರುವ ಪುಸ್ತಕದ 14, 15ನೇ ಪುಟದಲ್ಲಿ ಕುದುರೆ ಬರೀ ನೆಲದ ಮೇಲೆ ನಿಂತಿದೆ. ಮೂರು ಕಾಲು ಬಂದಿವೆ. ನಾಲ್ಕನೆಯದನ್ನು ಇವತ್ತು ಬೆಳಿಗ್ಗೆಯಿಂದ ಆರು ಸಲ ಅಳಿಸಿದ್ದೇನೆ.