ಡಿಸ್ಕ್ ರಿಪ್ಪಿಂಗ್ ಎಲ್ಲಿವರೆಗೆ ಬಂತು: ಎರರ್ ಹೇಳಿದ್ದೊಂದು, ತೊಂದರೆ ಇದ್ದದ್ದೊಂದು

ಸಿಡಿಗಳಲ್ಲಿರುವುದನ್ನು ಕಂಪ್ಯೂಟರ್‌ಗೆ ಇಳಿಸಿಕೊಳ್ಳುವ (ರಿಪ್ಪಿಂಗ್) ಕೆಲಸದಲ್ಲಿ ಹಾಡಿನ ಸಿಡಿಗಳು ಬಹುಪಾಲು ಮುಗಿದಿವೆ. ಡೇಟಾ ಸಿಡಿಗಳು ಅರ್ಧಕ್ಕೆ ಬಂದಿವೆ. ಹೊಸ ಪ್ರತಿ ಬರೆಯುವ ಕೆಲಸ ಈಗಷ್ಟೇ ಹಳಿಗೆ ಬಿದ್ದಿದೆ. ಈ ಸಲ ಕಾಡಿದ ತೊಂದರೆಗಳಲ್ಲಿ ಒಂದೂ ಸಾಫ್ಟ್‌ವೇರ್ ಬೆರಳು ಮಾಡಿದ ಜಾಗದಲ್ಲಿ ಇರಲಿಲ್ಲ. ಅದಕ್ಕೇ ಸ್ವಲ್ಪ ವಿವರವಾಗಿ ಬರೆದಿಡುತ್ತಿದ್ದೇನೆ.

ಮೊದಲು ಹಾಡುಗಳ ವಿಷಯ. ಒಂದು ಸಿಡಿ ಬರ್ಸ್ಟ್ ಮೋಡ್‌ನಲ್ಲಿ, ಅಂದರೆ ಒಂದೇ ಸಲ ವೇಗವಾಗಿ ಓದುವ ವಿಧಾನದಲ್ಲಿ, ಸಲೀಸಾಗಿ ರಿಪ್ ಆಯಿತು. ಲಾಗ್‌ನಲ್ಲಿ ಒಂದೂ ಎರರ್ ಇಲ್ಲ. ಕೇಳಿ ನೋಡಿದರೆ ಐದನೇ ಹಾಡಿನಲ್ಲಿ ಟಿಕ್ ಟಿಕ್ ಅಂತ ಸದ್ದು! ಹಾಡಿನ ಸಿಡಿ ಇರುವ ರೀತಿಯೇ ಇದಕ್ಕೆ ಕಾರಣ. ಸಿಡಿಯನ್ನು ಸೆಕ್ಟರ್ ಅನ್ನುವ ಚಿಕ್ಕ ಚಿಕ್ಕ ತುಂಡುಗಳಾಗಿ ಓದಲಾಗುತ್ತದೆ, ಒಂದು ಸೆಕ್ಟರ್‌ನಲ್ಲಿ 2352 ಬೈಟ್ ಹಿಡಿಯುತ್ತದೆ. ಡೇಟಾ ಸಿಡಿಯಲ್ಲಿ ಸಾಮಾನ್ಯವಾಗಿ ಅದರಲ್ಲಿ 2048 ಬೈಟ್ ಮಾತ್ರ ನಮ್ಮ ಫೈಲಿಗೆ ಸಿಗುತ್ತದೆ. ಉಳಿದದ್ದು ಸೆಕ್ಟರ್‌ನ ವಿಳಾಸಕ್ಕೆ ಮತ್ತು ತಪ್ಪು ಹಿಡಿದು ತಿದ್ದುವುದಕ್ಕೆ. ಹಾಡಿನ ಸಿಡಿಯಲ್ಲಿ 2352 ಪೂರ್ತಿ ಸದ್ದಿಗೇ ಹೋಗುತ್ತದೆ. ಮೊದಲ ಹಂತದ ತಿದ್ದುಪಡಿ ಎರಡರಲ್ಲೂ ಇದೆ. ಆದರೆ ಹಾಡಿನಲ್ಲಿ ಅದು ಸೋತರೆ ಹಿಂದೆ ಇನ್ನೊಂದು ಕಾವಲಿಲ್ಲ. ಡ್ರೈವ್ ಆ ಜಾಗವನ್ನು ಅಂದಾಜಿನಲ್ಲಿ ತುಂಬಿಸುತ್ತದೆ, ಇಲ್ಲವೇ ಕೆಟ್ಟದ್ದನ್ನೇ ಕೊಟ್ಟುಬಿಡುತ್ತದೆ. ಬರ್ಸ್ಟ್ ಮೋಡ್ ಒಂದೇ ಸಲ ಓದುವುದರಿಂದ ಅದಕ್ಕೆ ಇದು ಗೊತ್ತಾಗುವುದೇ ಇಲ್ಲ.

ಹಾಡು ರಿಪ್ ಮಾಡುವ ಸಾಫ್ಟ್‌ವೇರ್ ಎಕ್ಸಾಕ್ಟ್ ಆಡಿಯೋ ಕಾಪಿಯನ್ನು ಸೆಕ್ಯೂರ್ ಮೋಡ್‌ಗೆ ಹಾಕಿದೆ. ಇದು ಪ್ರತಿ ಭಾಗವನ್ನೂ ಎರಡು ಸಲ ಓದಿ ಹೋಲಿಸುತ್ತದೆ, ಬೇರೆ ಬಂದರೆ ಮತ್ತೆ ಮತ್ತೆ ಓದುತ್ತದೆ. ಇಲ್ಲಿ ಒಂದು ಸೆಟ್ಟಿಂಗ್ ತುಂಬಾ ಮುಖ್ಯ. ಡ್ರೈವ್ ಆಡಿಯೋವನ್ನು ಕ್ಯಾಶ್ ಮಾಡುತ್ತದೆ ಅನ್ನುವುದನ್ನು ಸಾಫ್ಟ್‌ವೇರ್‌ಗೆ ತಿಳಿಸಬೇಕು. ತಿಳಿಸದಿದ್ದರೆ ಎರಡನೇ ಸಲದ ಓದು ಡಿಸ್ಕ್‌ನಿಂದ ಬರುವುದಿಲ್ಲ, ಡ್ರೈವ್‌ನ ಮೆಮೊರಿಯಿಂದ ಬರುತ್ತದೆ. ಆಗ ಎರಡೂ ಹೊಂದಿಕೆಯಾಗಲೇಬೇಕು ಅಲ್ವಾ? ಹೋಲಿಸಿ ಏನೂ ಉಪಯೋಗವಿಲ್ಲ. ತಿದ್ದಲಾಗದ ತಪ್ಪು ಎಲ್ಲಿದೆ ಅಂತ ಡ್ರೈವ್ ತಾನೇ ಹೇಳುವ ಸಿ2 ಎರರ್ ಮಾಹಿತಿಯನ್ನೂ ಆಫ್ ಮಾಡಿದೆ. ಎಲ್ಲಾ ಡ್ರೈವ್‌ಗಳೂ ಅದನ್ನು ನಂಬುವ ಹಾಗೆ ಕೊಡುವುದಿಲ್ಲ. ವೇಗ ಕಡಿಮೆಯಾಗುತ್ತದೆ, ಆಗಲಿ.

ಆಮೇಲೆ ಇನ್ನೊಂದು ಶುರುವಾಯಿತು. ಆಕ್ಯುರೇಟ್‌ರಿಪ್‌ನಲ್ಲಿ ಒಂದು ಹಾಡೂ ಹೊಂದಿಕೆಯಾಗುತ್ತಿಲ್ಲ. ಬೇರೆಯವರು ಅದೇ ಸಿಡಿಯನ್ನು ರಿಪ್ ಮಾಡಿದಾಗ ಬಂದ ಚೆಕ್‌ಸಮ್‌ಗೆ (ಡೇಟಾದಿಂದ ಲೆಕ್ಕ ಹಾಕಿದ ಗುರುತಿನ ಅಂಕಿ) ನಮ್ಮದನ್ನು ಹೋಲಿಸುವ ವ್ಯವಸ್ಥೆ ಇದು. ಒಂದೇ ಹಾಡು ತಪ್ಪಿದ್ದರೆ ಗೀರು ಅನ್ನಬಹುದಿತ್ತು. ಡಿಸ್ಕ್ ಪೂರ್ತಿ ತಪ್ಪಿದರೆ ಮೊದಲು ನೋಡಬೇಕಾದದ್ದು ರೀಡ್ ಆಫ್‌ಸೆಟ್. ಹಾಡು ಓದುವಾಗ ಡ್ರೈವ್ ಕೇಳಿದ ಜಾಗಕ್ಕಿಂತ ಸ್ವಲ್ಪ ಹಿಂದೆ ಅಥವಾ ಮುಂದೆ ಶುರುಮಾಡುತ್ತದೆ. ನನ್ನ ಡ್ರೈವ್‌ಗೆ ಹಾಕಬೇಕಾದ ಅಂಕಿ +667 ಸ್ಯಾಂಪಲ್. ಸೆಕೆಂಡಿಗೆ 44,100 ಸ್ಯಾಂಪಲ್ ಲೆಕ್ಕದಲ್ಲಿ ಅದು ಸುಮಾರು 15 ಮಿಲಿಸೆಕೆಂಡ್. ಕಿವಿಗೆ ಗೊತ್ತೇ ಆಗುವುದಿಲ್ಲ, ಆದರೆ ಚೆಕ್‌ಸಮ್ ಪೂರ್ತಿ ಬದಲಾಗುತ್ತದೆ. ಅಂಕಿ ಹಾಕಿದೆ, ಉಳಿದ ಹಾಡುಗಳೆಲ್ಲ ಹೊಂದಿಕೆಯಾದವು.

ಐದನೇ ಹಾಡು ಮಾತ್ರ ಹಟ ಹಿಡಿಯಿತು. ಪ್ರತಿ ಸಲವೂ 2 ನಿಮಿಷ 13 ಸೆಕೆಂಡ್ ಹತ್ತಿರ ಅನುಮಾನದ ಜಾಗ. ಡಿಸ್ಕನ್ನು ಮೆತ್ತನೆ ಬಟ್ಟೆಯಿಂದ ನಡುವಿನಿಂದ ಅಂಚಿನ ಕಡೆಗೆ ಒರೆಸಿದೆ. ಸುತ್ತಲೂ ಉಜ್ಜಬಾರದು, ಟ್ರ್ಯಾಕ್‌ನ ಉದ್ದಕ್ಕೆ ಗೀರು ಬಿದ್ದರೆ ತಿದ್ದುವುದು ಜಾಸ್ತಿ ಕಷ್ಟ. ಒರೆಸಿಯೂ ಬದಲಾಗಲಿಲ್ಲ. ವೇಗ ಇಳಿಸಿದರೂ ಅಷ್ಟೇ. ಬೇರೆ ಡ್ರೈವ್‌ಗೆ ಹಾಕಿ, ಅದರದೇ ಆಫ್‌ಸೆಟ್ ಕೊಟ್ಟೆ. ಮೊದಲ ಓದಿನಲ್ಲೇ ಚೆಕ್‌ಸಮ್ ಹೊಂದಿಕೆಯಾಯಿತು! ಗೀರನ್ನು ಒಂದೊಂದು ಡ್ರೈವ್ ಒಂದೊಂದು ಥರ ಓದುತ್ತದೆ. ಸೆಟ್ಟಿಂಗ್ ಬದಲಿಸುತ್ತಾ ಕೂರುವುದಕ್ಕಿಂತ ಡ್ರೈವ್ ಬದಲಿಸುವುದು ಬೇಗ ಉತ್ತರ ಕೊಡುತ್ತದೆ ಅಂತ ನನಗೆ ಈಗ ಗಟ್ಟಿಯಾಗಿ ಅನಿಸುತ್ತದೆ.

ಡೇಟಾ ಸಿಡಿಗಳಲ್ಲಿ ತೊಂದರೆಯೇ ಬೇರೆ. ಗೀರಿಲ್ಲದ ಒಂದಷ್ಟು ಡಿಸ್ಕ್‌ಗಳು ಇಮೇಜ್ ಮಾಡುವಾಗ (ಇಡೀ ಡಿಸ್ಕನ್ನು ಒಂದೇ ಫೈಲಾಗಿ ಇಳಿಸುವಾಗ) ಕೊನೇ ಗಳಿಗೆಯಲ್ಲಿ ಇನ್‌ಪುಟ್ ಔಟ್‌ಪುಟ್ ಎರರ್ ಕೊಡುತ್ತಿದ್ದವು. ಹಾಳಾದ ಡಿಸ್ಕ್‌ನಿಂದ ಬಂದಷ್ಟನ್ನು ಎತ್ತಿಕೊಡುವ ಡಿಡಿರೆಸ್ಕ್ಯೂ ಅನ್ನುವ ಸಾಫ್ಟ್‌ವೇರ್ ಹಾಕಿ ನೋಡಿದೆ. ಸರಿಯಾಗಿ 4096 ಬೈಟ್, ಅಂದರೆ ಎರಡು ಸೆಕ್ಟರ್, ಅದೂ ಕಟ್ಟಕಡೆಯವು ಮಾತ್ರ ಬರುತ್ತಿಲ್ಲ. ಹಾಳಾದ ಡಿಸ್ಕ್ ಇಷ್ಟು ಅಚ್ಚುಕಟ್ಟಾಗಿ ಹಾಳಾಗುವುದಿಲ್ಲ. ಒಂದು ಡಿಸ್ಕ್‌ನಲ್ಲಿ ಡ್ರೈವ್ ಹೇಳಿದ ಅಳತೆ 333122 ಸೆಕ್ಟರ್, ಫೈಲ್ ಸಿಸ್ಟಮ್‌ನ ಹೆಡರ್‌ನಲ್ಲಿದ್ದದ್ದು 333120. ಒಂದೊಂದು ಟ್ರ್ಯಾಕ್ ಮುಗಿದಾಗಲೂ ಲೇಸರ್ ನಿಲ್ಲಿಸುವ ಟ್ರ್ಯಾಕ್ ಅಟ್ ಒನ್ಸ್ ವಿಧಾನದಲ್ಲಿ ಬರೆದ ಡಿಸ್ಕ್‌ಗಳ ಕೊನೆಯಲ್ಲಿ ಎರಡು ರನ್-ಔಟ್ ಸೆಕ್ಟರ್ ಇರುತ್ತವೆ. ಲೇಸರ್ ಬರೆಯುವುದನ್ನು ನಿಲ್ಲಿಸುವಾಗ ಉಳಿದ ಜಾಗ ಅದು, ಅದರಲ್ಲಿ ನಮ್ಮ ಫೈಲ್ ಏನೂ ಇಲ್ಲ. ಹೆಡರ್ ಹೇಳಿದಷ್ಟನ್ನೇ ಓದಿಸಿದೆ, ಎರರ್ ಇಲ್ಲದೆ ಮುಗಿಯಿತು. ಇಂಥ ಡಿಸ್ಕ್‌ಗಳನ್ನು ಸುಮ್ನೆ ಕೆಟ್ಟಿದೆ ಅಂತ ಯಾರೂ ಎಸೆಯದಿರಲಿ.

ಬರೆಯುವ ಕಡೆ ಪವರ್ ಕ್ಯಾಲಿಬ್ರೇಶನ್ ಏರಿಯಾ ಎರರ್ ಬಂತು. ಬರೆಯುವ ಮೊದಲು ಡ್ರೈವ್ ಡಿಸ್ಕ್‌ನ ಒಳಅಂಚಿನಲ್ಲಿ ಲೇಸರ್ ಎಷ್ಟು ಜೋರಿರಬೇಕು ಅಂತ ಪರೀಕ್ಷೆ ಮಾಡುತ್ತದೆ. ಅದು ಕೈಕೊಟ್ಟಿತ್ತು. ಎಲ್ಲರೂ ಮೊದಲು ಡಿಸ್ಕನ್ನೇ ದೂರುತ್ತಾರೆ. ಆದರೆ ಅದೇ ಕಟ್ಟಿನ ಡಿಸ್ಕ್ ಕಂಪ್ಯೂಟರ್ ಒಳಗಿನ ಡ್ರೈವ್‌ನಲ್ಲಿ ಚೆನ್ನಾಗಿ ಬರೆಯಿತು. ಯುಎಸ್‌ಬಿಗೆ ಹಾಕುವ ಹೊರಗಿನ ಸಿಡಿ ಡ್ರೈವ್ ಮಾತ್ರ ಬರೆಯುವಾಗ ನಿಲ್ಲುತ್ತಿತ್ತು, ಓದುವಾಗ ಏನೂ ತೊಂದರೆಯಿಲ್ಲ. ನಡುವೆ ಇದ್ದ ಯುಎಸ್‌ಬಿ ಹಬ್ ತೆಗೆದು, ಕಂಪ್ಯೂಟರಿನ ಹಿಂಬದಿಯ ಪೋರ್ಟ್‌ಗೆ ಗಿಡ್ಡ ಕೇಬಲ್‌ನಲ್ಲಿ ನೇರವಾಗಿ ಹಾಕಿದೆ. ಬರೆಯಿತು. ಬರೆಯಲು ಲೇಸರ್‌ಗೆ ಜಾಸ್ತಿ ವಿದ್ಯುತ್ ಬೇಕು, ಹಬ್‌ನಿಂದ ಅಷ್ಟು ಸಿಗುತ್ತಿರಲಿಲ್ಲ. ಡೇಟಾ ಬರೆಯುವ ಮೊದಲೇ ನಿಂತಿದ್ದರಿಂದ ಆ ಡಿಸ್ಕ್ ಕೂಡ ಉಳಿಯಿತು. ಈಗ ಎಲ್ಲವನ್ನೂ ಇಡೀ ಡಿಸ್ಕನ್ನು ನಿಲ್ಲಿಸದೆ ಒಂದೇ ಸಲ ಬರೆಯುವ ಡಿಸ್ಕ್ ಅಟ್ ಒನ್ಸ್‌ನಲ್ಲೇ ಬರೆಯುತ್ತಿದ್ದೇನೆ, ಹಿಂದೆ ಹೇಳಿದ ಎರಡು ಸೆಕ್ಟರ್‌ಗಳ ಗೋಳು ಇರುವುದಿಲ್ಲ. ಬರೆದ ಮೇಲೆ ಡಿಸ್ಕ್ ಹೊರಗೆ ತೆಗೆದು, ಮತ್ತೆ ಹಾಕಿ, ಚೆಕ್‌ಸಮ್ ಹೋಲಿಸುತ್ತೇನೆ.

ಇನ್ನು ಉಳಿದಿರುವುದು ಲೇಬಲ್ ಕಡೆ ಪದರ ಕಿತ್ತಿರುವ ಒಂದು ಸಿಡಿ. ಸಿಡಿಯಲ್ಲಿ ಹೊಳೆಯುವ ಪದರ ಲೇಬಲ್‌ನ ಕೆಳಗೇ ಇರುತ್ತದೆ. ಅಲ್ಲಿ ಕಿತ್ತರೆ ಪಾಲಿಶ್ ಮಾಡಿ ಉಪಯೋಗವಿಲ್ಲ. ಡಿಡಿರೆಸ್ಕ್ಯೂನ ಮ್ಯಾಪ್ ಫೈಲ್‌ನಲ್ಲಿ ಯಾವ ಸೆಕ್ಟರ್ ಬಂದಿದೆ, ಯಾವುದು ಬಂದಿಲ್ಲ ಅನ್ನುವುದೆಲ್ಲ ಇದೆ. ಹೊರಅಂಚಿನ ಒಂದು ತುಂಡು ಬಿಟ್ಟು ಮಿಕ್ಕಿದ್ದೆಲ್ಲ ಬಂದಿದೆ. ಅದೇ ಮ್ಯಾಪ್ ಫೈಲ್ ಇಟ್ಟುಕೊಂಡು ಎರಡನೇ ಡ್ರೈವ್‌ನಲ್ಲಿ ಮುಂದುವರಿಸುತ್ತೇನೆ. ಆಮೇಲೂ ಬಾರದ ಸೆಕ್ಟರ್‌ಗಳು ಯಾವ ಫೈಲಿನವು ಅಂತ ಹುಡುಕಬೇಕು.