ಅಣ್ಣಿಗೇರಿಯಿಂದ ಡಂಬಳಕ್ಕೆ, ಕಲ್ಲಿನ ಜಾಡು ಹಿಡಿದು

ಹುಬ್ಬಳ್ಳಿಯಲ್ಲಿ ಗದಗ ಬಸ್ ಹತ್ತಿದವರು ನಡುವೆ ಅಣ್ಣಿಗೇರಿಯಲ್ಲಿ ಇಳಿದು ಗುಡಿ ನೋಡುವುದು ಕಡಿಮೆ. ನಾನು ಇಳಿದದ್ದು ಅಮೃತೇಶ್ವರ ಗುಡಿಗಾಗಿ. ಸುಮಾರು 1050ರದು. ಬಾದಾಮಿ, ಪಟ್ಟದಕಲ್ಲಿನವರು ಮರಳುಗಲ್ಲಿನಲ್ಲಿ ಕಟ್ಟಿದರೆ, ಕಲ್ಯಾಣ ಚಾಲುಕ್ಯರ ಕಾಲದ ಕೆಲಸಗಾರರು ಇಲ್ಲಿ ಬಳಪದ ಕಲ್ಲಿಗೆ ಕೈ ಹಾಕಿದರು. ಈ ಕಲ್ಲಿಗೆ ಹೊರಳಿದ ಮೊದಲ ಗುಡಿಗಳಲ್ಲಿ ಇದೂ ಒಂದು. ಮೆತ್ತಗಿನ ಕಲ್ಲು, ಉಳಿ ಹೇಳಿದಂತೆ ಕೇಳುತ್ತದೆ.

ಕಲ್ಲು ಬದಲಾದರೆ ಏನೇನು ಬದಲಾಗುತ್ತದೆ ಅಂತ ನೋಡಬೇಕಾದರೆ ಲಕ್ಕುಂಡಿಗೆ ಹೋಗಬೇಕು. ಗದಗಿನಿಂದ ಹನ್ನೆರಡು ಕಿಲೋಮೀಟರ್ ಅಷ್ಟೇ. ಕಾಶಿ ವಿಶ್ವನಾಥ ಗುಡಿಯಲ್ಲಿ ಶಿವನೂ ಸೂರ್ಯನೂ ಎದುರುಬದುರು. ಬಾಗಿಲವಾಡದ ಬಳ್ಳಿಗಳ ನಡುವೆ ಬೆರಳು ತೂರುವಷ್ಟು ಆಳ ಕೊರೆದಿದ್ದಾರೆ. ಒಳಗಿನ ಕಂಬಗಳು ಕಡೆದವು, ಅಂದರೆ ಕಲ್ಲನ್ನೇ ತಿರುಗಿಸುತ್ತಾ ಉಳಿ ಹಿಡಿದದ್ದು. ಬಳೆ ಜೋಡಿಸಿದಂತೆ ಏಣು ಮೇಲೆ ಏಣು. ಕಟ್ಟೆ ಮೇಲೆ ಕೂತಿದ್ದ ಅಜ್ಜ, “ಹತ್ರ ಹೋಗಿ ನೋಡ್ರಿ ಸರ, ನಿಮ್ಮ ಮಾರಿ ಕಾಣ್ತೈತಿ” ಅಂದರು. ಮಸುಕಾಗಿ ಕಂಡಿತು ಕೂಡ.

ಇದೇ ಊರಿನಲ್ಲಿ 1007ರ ಸುಮಾರಿಗೆ ಬ್ರಹ್ಮ ಜಿನಾಲಯ ಕಟ್ಟಿಸಿದವಳು ಅತ್ತಿಮಬ್ಬೆ. ಪೊನ್ನನ ಶಾಂತಿಪುರಾಣವನ್ನು ಸಾವಿರ ಪ್ರತಿ ಬರೆಸಿ ಹಂಚಿದವಳೂ ಅವಳೇ. ಓಲೆಗರಿಯಲ್ಲಿ ನಕಲು ತೆಗೆದವರು ಇದ್ದದ್ದನ್ನು ಇದ್ದಂತೆಯೇ ಬರೆಯಬೇಕಿತ್ತು. ಕಲ್ಲಿನವರಿಗೆ ಆ ಕಟ್ಟು ಇರಲಿಲ್ಲ. ಹಿಂದಿನ ಗುಡಿ ನೋಡಿ ಒಂದು ಮೂಲೆ ಜಾಸ್ತಿ ಮಾಡಿದರೂ ಕೇಳುವವರಿಲ್ಲ!

ಆ ಮೂಲೆಗಳು ಎಲ್ಲಿಗೆ ಮುಟ್ಟಿದವು ಅಂತ ಡಂಬಳದಲ್ಲಿ ಗೊತ್ತಾಗುತ್ತದೆ. ಗದಗಿಗೆ ವಾಪಸ್ ಬಂದು ಮುಂಡರಗಿ ಕಡೆ ಹೋಗಬೇಕು. ದೊಡ್ಡಬಸಪ್ಪ ಗುಡಿಯ ತಳ 24 ಮೂಲೆಯ ನಕ್ಷತ್ರ. ಒಂದು ಚೌಕವನ್ನು ನಡುವಿನ ಬಿಂದು ಬಿಡದೆ ಸ್ವಲ್ಪ ಸ್ವಲ್ಪವೇ ತಿರುಗಿಸುತ್ತಾ ಹೋಗಿ, ಮೂಲೆಗಳನ್ನಷ್ಟೇ ಉಳಿಸಿಕೊಂಡರೆ ಈ ಆಕಾರ ಬರುತ್ತದೆ. ಅದೇ ಮಡಿಕೆಗಳು ಶಿಖರದವರೆಗೂ ಏರುತ್ತವೆ. ಸುತ್ತು ಹಾಕುತ್ತಾ ಎಣಿಸಿದರೆ ಲೆಕ್ಕ ತಪ್ಪುತ್ತದೆ, ಮೂಲೆ ಯಾವುದು ಸಂದಿ ಯಾವುದು ತಿಳಿಯುವುದಿಲ್ಲ.

ಬಳಪದ ಕಲ್ಲೂ ನಕ್ಷತ್ರದ ತಳವೂ ಹೊಯ್ಸಳರ ನಾಡಿನಲ್ಲೂ ಕಾಣುತ್ತವೆ. ಕೆಲಸಗಾರರು ಊರಿಂದೂರಿಗೆ ಹೋಗುತ್ತಿದ್ದರು. ಬೇಲೂರಿನ ಶಿಲ್ಪಿ ದಾಸೋಜ ಚಾಲುಕ್ಯರ ನಾಡಿನ ಬಳ್ಳಿಗಾವಿಯವನು. ಆದರೆ ಸೋಮನಾಥಪುರಕ್ಕೆ ಬರುವ ಹೊತ್ತಿಗೆ ಮೂಲೆಗಳು 16. ಯಾಕಿರಬಹುದು? ನನ್ನ ಅಂದಾಜು ಇಷ್ಟು: 24 ಮೂಲೆ ಇಟ್ಟರೆ ಗೋಡೆಯಲ್ಲಿ ದೊಡ್ಡ ಮೂರ್ತಿಗೆ ಜಾಗವೇ ಸಿಗುವುದಿಲ್ಲ. ಡಂಬಳದವರಿಗೆ ಮಡಿಕೆ ಸಾಕಿತ್ತು, ಹೊಯ್ಸಳರಿಗೆ ಮೂರ್ತಿ ಬೇಕೇ ಬೇಕಿತ್ತು.